ಕುಲುಮೆಯ ಮುಂದೆ ಆಡಬಾರದಿದ್ದ ಮಾತು

ಆಣೆ ಮಾಡಿಸುವಾಗ ಆಣೆಯ ಮಾತು ಬಿಟ್ಟು ಇನ್ನೊಂದಕ್ಷರ ಬಾಯಿಂದ ಬರಕೂಡದು. ತರ್ಖೂನ್ ಪಟ್ಟಣದ ರಸವಾದಿಗಳ ಕೂಟದಲ್ಲಿ ಬೂದಿ ಬಾಚುವವರಿಗೂ ಗೊತ್ತಿರುವ ನಿಯಮ ಇದು. ಹದಿನಾಲ್ಕು ವರ್ಷ ಆ ಕೂಟದ ಹಿರಿಯಳ ಪೀಠದಲ್ಲಿ ಕೂತು ಅರವತ್ತಮೂರು ಜನರಿಗೆ ಆಣೆ ಮಾಡಿಸಿದವಳು ಈ ಝರ್ಬಾನು. ಒಂದು ಸಲವೂ ತಪ್ಪಿರಲಿಲ್ಲ. ಅರವತ್ತನಾಲ್ಕನೆಯವಳು ನನ್ನ ತಮ್ಮನ ಮಗಳು ಪರಸ್ತು. ಹೊರಗಿನವರಿಗೆಲ್ಲ ನೆಟ್ಟಗೆ ಮಾಡಿಸಿ, ಮನೆಯ ಹುಡುಗಿಯ ಸರದಿ ಬಂದಾಗ ಎಡವಿದೆ.

ನಮ್ಮ ಆಣೆ ಬರಿಯ ಬಾಯಿಮಾತಿನದಲ್ಲ. ಕೂಟದ ಕುಲುಮೆ ಯಾವ ಕಾಲದಿಂದ ಉರಿಯುತ್ತಿದೆಯೋ ಯಾರಿಗೂ ಗೊತ್ತಿಲ್ಲ. ಅದರ ಕಟ್ಟೆಯ ಮೇಲೆ ಕೈಯಿಟ್ಟು ಆಡಿದ ಮಾತು ಆಡಿದವರ ಮೈಗೆ ಹತ್ತಿಕೊಳ್ಳುತ್ತದೆ. ವಿಷವನ್ನು ಮದ್ದೆಂದು ಕೊಡೆನು, ತಾಮ್ರಕ್ಕೆ ಬಣ್ಣ ಕಟ್ಟಿ ಚಿನ್ನ ಎನ್ನೆನು, ನಾನು ಕುಡಿದು ನೋಡದ್ದನ್ನು ಇನ್ನೊಬ್ಬರಿಗೆ ಕುಡಿಸೆನು, ಸೀಸೆಯೊಳಗೆ ಏನಿದೆ ಎಂದು ಕೇಳಿದವರಿಗೆ ಇದ್ದದ್ದನ್ನು ಇದ್ದಂತೆ ಹೇಳುವೆನು, ಹೀಗೆ ಇಪ್ಪತ್ತೊಂದು ಮಾತು. ಮೀರಲು ಹೋದರೆ ನಾಲಿಗೆ ಅಂಗುಳಿಗೆ ಅಂಟಿಕೊಂಡು ಬಾಯಿತುಂಬ ತಾಮ್ರದ ರುಚಿ ಬರುತ್ತದೆ. ಕೈಯಿಂದ ಮೀರಲು ಹೋದರೆ ಬೆರಳು ಸೆಟೆದುಕೊಳ್ಳುತ್ತವೆ.

ಹೀಗಾಗಿ ನಮ್ಮ ಬೀದಿಯ ವ್ಯಾಪಾರ ಬೇರೆ ಬೀದಿಗಳ ಹಾಗಲ್ಲ. ಕೂದಲು ಬೆಳೆಯುವ ತೈಲ ಕೇಳಿಕೊಂಡು ಬಂದವನಿಗೆ ನಾನೇ ಹೇಳಿದ್ದುಂಟು: "ಹತ್ತು ಜನಕ್ಕೆ ಕೊಟ್ಟಿದ್ದೀನಪ್ಪ. ಇಬ್ಬರಿಗೆ ಬೆಳೀತು. ಅದರಲ್ಲೊಬ್ಬನಿಗೆ ಕಿವಿಯೊಳಗೆ." ಅವನು ಸ್ವಲ್ಪ ಯೋಚಿಸಿ, "ಪರವಾಗಿಲ್ಲ, ಕೊಡಿ" ಎಂದ. ಸಂತೆಯಲ್ಲಿ ಕೂತು ಮಾರುವವನು ನೂರಕ್ಕೆ ನೂರು ಎನ್ನುತ್ತಾನೆ. ಜನ ನಮ್ಮ ಹತ್ತಕ್ಕೆರಡನ್ನೇ ನಂಬಿ ಬರುತ್ತಾರೆ. ಅವರಿಗೆ ಗೊತ್ತಿಲ್ಲದ ವಿಷಯ ಒಂದೇ. ಮದ್ದಿನ ವಿಷಯದಲ್ಲಿ ಸುಳ್ಳು ಹೇಳಲಾಗದವರು ನಿಜವನ್ನೇ ತಮಗೆ ಬೇಕಾದ ಹಾಗೆ ಕತ್ತರಿಸಿ ಬಡಿಸುವುದನ್ನು ಬೇಗ ಕಲಿತುಬಿಡುತ್ತಾರೆ. ನಾನಂತೂ ಚೆನ್ನಾಗಿಯೇ ಕಲಿತಿದ್ದೆ.

ಆಣೆ ಮಾಡುವವರ ಕಣ್ಣಿಗೆ ಒದ್ದೆ ಬಟ್ಟೆ ಕಟ್ಟುತ್ತೇವೆ. ಹಿರಿಯರು ಹೇಳಿದ್ದನ್ನು ಅವರು ಅಕ್ಷರ ಬಿಡದೆ ತಿರುಗಿ ಹೇಳಬೇಕು. ಯೋಚಿಸುವಂತಿಲ್ಲ, ನಡುವೆ ಕೇಳುವಂತಿಲ್ಲ. ಏಳು ವರ್ಷದ ಕಲಿಕೆಯಲ್ಲಿ ಇದನ್ನು ಅರೆದು ಕುಡಿಸಿರುತ್ತೇವೆ. ಅದಕ್ಕೇ ಹಿರಿಯರ ಬಾಯಿ ಬಿಗಿಯಾಗಿರಬೇಕಾದದ್ದು. ನಮ್ಮ ಕೂಟದ ಕಡತ ನೋಡಿಕೊಳ್ಳುವ ದಾರೂಕನಿಗೆ ಆಣೆ ಮಾಡಿಸಿದ ಮುದುಕರು, ಚಳಿಗಾಳಿ ಬೀಸಿತೆಂದು ನಡುವೆ "ಮೊದಲು ಆ ಬಾಗಿಲು ಹಾಕಬೇಕು" ಎಂದುಬಿಟ್ಟಿದ್ದರು. ದಾರೂಕ ವಿಧೇಯನಾಗಿ ಅದನ್ನೂ ಹೇಳಿದ. ಮೂವತ್ತೆಂಟು ವರ್ಷವಾಯಿತು, ತೆರೆದ ಬಾಗಿಲು ಕಣ್ಣಿಗೆ ಬಿದ್ದರೆ ಎದ್ದು ಹೋಗಿ ಹಾಕದೆ ಅವನಿಗೆ ವಿಧಿಯಿಲ್ಲ. ಮದುವೆಯ ದಿನ ಬೀಗರ ಮುಖದ ಮೇಲೆಯೇ ಬಾಗಿಲು ಹಾಕಿದ ಪುಣ್ಯಾತ್ಮ ಅವನು.

ಇಷ್ಟೆಲ್ಲ ಗೊತ್ತಿದ್ದೂ ನನ್ನ ಬಾಯಿ ಜಾರಿದ್ದಕ್ಕೆ ಕಾರಣ ನನ್ನ ತಮ್ಮ ಕೈವಾನ್.

ಕೈವಾನ್ ಗಾಜು ಊದುವವನು. ಒಂದು ಕಾಲಕ್ಕೆ ಈ ಊರಿನ ರಸವಾದಿಗಳಿಗೆಲ್ಲ ಮದ್ದಿನ ಸೀಸೆ ಅವನದೇ. ಇಪ್ಪತ್ತೆರಡು ವರ್ಷದ ಹಿಂದೆ ನಮ್ಮಪ್ಪ ಹಾಸಿಗೆ ಹಿಡಿದರು. ನಾನು ಮೂರು ದಿನ ಒಲೆಯ ಮುಂದೆ ಕೂತು ಅವರಿಗೆ ಮದ್ದು ಕಾಯಿಸಿದೆ, ಇವನು ಸೀಸೆ ಊದಿ ತಂದ. ಮದ್ದು ಸೀಸೆಗೆ ಹೋಯಿತು, ಸೀಸೆ ಒಡೆಯಿತು, ಮದ್ದು ನೆಲದ ಪಾಲಾಯಿತು, ಮಾರನೇ ದಿನ ಅಪ್ಪ ಹೋದರು. ಊರಿಗೆಲ್ಲ ನಾನು ಹೇಳಿದ್ದು ಇಷ್ಟೇ: "ಕೈವಾನನ ಸೀಸೆ ಒಡೀತು. ಮದ್ದು ಅಪ್ಪನ ಬಾಯಿಗೆ ಬೀಳಲಿಲ್ಲ." ಇದರಲ್ಲಿ ಒಂದಕ್ಷರವೂ ಸುಳ್ಳಲ್ಲ. ಊರು ತನಗೆ ಬೇಕಾದಷ್ಟು ಸೇರಿಸಿಕೊಂಡಿತು. ಆಮೇಲೆ ನಾನು ಅವನೊಡನೆ ಮಾತು ಬಿಟ್ಟೆ.

ಅವನ ಮಗಳು ಪರಸ್ತುವಿಗೆ ತಾಯಿಯಿಲ್ಲ. ಒಬ್ಬನೇ ಸಾಕಿ ದೊಡ್ಡದು ಮಾಡಿದ. ಹತ್ತೊಂಬತ್ತು ತುಂಬಿದಾಗ ಆ ಹುಡುಗಿ ನನ್ನ ಬಾಗಿಲಿಗೆ ಬಂದು ಸೊಂಟದ ಮೇಲೆ ಕೈಯಿಟ್ಟು ನಿಂತಳು. "ಅತ್ತೆ, ನಿಮ್ಮ ಜಗಳ ನಿಮಗಿರ್ಲಿ. ನಂಗೆ ವಿದ್ಯೆ ಬೇಕು" ಎಂದಳು. ನನ್ನದೇ ಮೂಗು, ನನ್ನದೇ ದಿಮಾಕು. ಒಳಗೆ ಕರೆದುಕೊಳ್ಳದೆ ಏನು ಮಾಡಲಿ? ಏಳು ವರ್ಷ ಹಗಲೆಲ್ಲ ನನ್ನಲ್ಲಿ ಕಲಿತು ಸಂಜೆ ಅಪ್ಪನ ಮನೆಗೆ ಹೋಗುತ್ತಿದ್ದಳು. ಅಲ್ಲಿಯ ಮಾತು ಇಲ್ಲಿಗೆ, ಇಲ್ಲಿಯದು ಅಲ್ಲಿಗೆ ಒಂದು ದಿನವೂ ತರಲಿಲ್ಲ.

ಆಣೆಯ ದಿನ ಬಂತು. ಹೆತ್ತವರು ಬರುವುದು ಪದ್ಧತಿ. ಆದರೂ ಕೈವಾನ್ ಬರುವುದು ಬೇಡ ಎಂದು ದಾರೂಕನ ಕೈಲಿ ಹೇಳಿಕಳಿಸಿದ್ದೆ. ಹದಿನೆಂಟು ಮಾತು ಸರಾಗವಾಗಿ ಆಗಿತ್ತು. ಪರಸ್ತು ಕಣ್ಣಿಗೆ ಬಟ್ಟೆ ಕಟ್ಟಿಕೊಂಡು, ಕಟ್ಟೆಯ ಮೇಲೆ ಕೈಯಿಟ್ಟು, ಗಂಟೆ ಹೊಡೆದ ಹಾಗೆ ಹೇಳುತ್ತಿದ್ದಳು. ಹತ್ತೊಂಬತ್ತನೆಯದಕ್ಕೆ ಬಾಯಿ ತೆರೆದೆ, ಬಾಗಿಲು ತೆರೆಯಿತು. ಕಸೂತಿಯ ಅಂಗಿ ತೊಟ್ಟು, ತಟ್ಟೆತುಂಬ ಅಕ್ರೋಟಿನ ಹಲ್ವ ಹಿಡಿದು, ಮದುವೆ ಗಂಡಿನ ಹಾಗೆ ನಗುತ್ತ ಬಂದ ಕೈವಾನ್. ದಾರೂಕ ಅವನ ಹಿಂದಿನಿಂದ ಬಾಗಿಲು ಹಾಕಲು ಓಡಿದನೇ ಹೊರತು ಅವನನ್ನು ತಡೆಯಲಿಲ್ಲ.

ನನ್ನ ಪಿತ್ತ ನೆತ್ತಿಗೇರಿತು. "ಇವನ್ಯಾಕೆ ಬಂದ ಇಲ್ಲಿಗೆ?" ಎಂದೆ. "ತಪ್ಪು ಇವನದು. ತಪ್ಪಾಯ್ತು ಅಂತ ಇವನು ಬಾಯಿಬಿಟ್ಟು ಹೇಳೋವರೆಗೂ ಇವನ ಹತ್ರ ಒಂದು ಮಾತೂ ಆಡಲ್ಲ ನಾನು."

ಪರಸ್ತು ಎಂದಿನ ಗಂಟೆಯ ದನಿಯಲ್ಲಿ, ಒಂದಕ್ಷರ ಬಿಡದೆ ಹೇಳಿದಳು: "ಇವನ್ಯಾಕೆ ಬಂದ ಇಲ್ಲಿಗೆ. ತಪ್ಪು ಇವನದು. ತಪ್ಪಾಯ್ತು ಅಂತ ಇವನು ಬಾಯಿಬಿಟ್ಟು ಹೇಳೋವರೆಗೂ ಇವನ ಹತ್ರ ಒಂದು ಮಾತೂ ಆಡಲ್ಲ ನಾನು."

ಕುಲುಮೆಯ ಉರಿ ಹಸಿರಾಗಿ ಎದ್ದು ಇಳಿಯಿತು. ಮಾತು ಹತ್ತಿತು ಎಂದರ್ಥ.

"ಅಯ್ಯೋ" ಎಂದೆ.

"ಅಯ್ಯೋ" ಎಂದಳು ಪರಸ್ತು. ಉರಿ ಅದಕ್ಕೂ ಒಂದು ಸಲ ಎದ್ದಿತು.

ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡೆ. ಅರ್ಧ ಮಾಡಿದ ಆಣೆ ಮಾಡದಿರುವುದಕ್ಕಿಂತ ಕೆಟ್ಟದ್ದು, ಹಾಗಾಗಿ ಉಳಿದ ಮೂರನ್ನು ಒಂದೊಂದೇ ಅಕ್ಷರ ತೂಗಿ ಹೇಳಿಸಿ ಮುಗಿಸಿದೆ. ಬಟ್ಟೆ ಬಿಚ್ಚಿದಾಗ ಹುಡುಗಿ ತಿರುಗಿ ನೋಡಿದಳು. ಬಾರದ ಅಪ್ಪ ಬಂದಿದ್ದಾನೆ, ಹಲ್ವ ತಂದಿದ್ದಾನೆ. ಮುಖ ಅರಳಿತು. "ಅ" ಎಂದಳು, ಅಷ್ಟಕ್ಕೆ ನಿಂತಿತು. ಕಣ್ಣು ಅಗಲವಾಯಿತು. ಮತ್ತೆ ಯತ್ನಿಸಿದಳು. ತಾನು ಏನು ಹೇಳಿದೆ ಎಂಬುದು ಆಗ ಅವಳಿಗೆ ಹೊಳೆಯಿತು.

ಕೈವಾನ್ ತಟ್ಟೆಯನ್ನು ನೆಲಕ್ಕಿಟ್ಟು ನನ್ನ ಕಡೆ ತಿರುಗಿದ. ಇಪ್ಪತ್ತೆರಡು ವರ್ಷದಲ್ಲಿ ಅವನು ನನಗೆ ಹೇಳಿದ ಮೊದಲ ಮಾತು ಇದು: "ನೀನು ಮಾತು ಬಿಟ್ಟಿದ್ದು ಸಾಲ್ದು ಅಂತ ನನ್ ಮಗಳ ಬಾಯಿಗೂ ಬೀಗ ಹಾಕ್ದೆಯಲ್ಲಕ್ಕ."

ಪೀಠದ ಮೇಲೆ ಕೂತವಳಿಗೆ ನೆಲ ನೋಡುವ ಅಭ್ಯಾಸ ತಪ್ಪಿರುತ್ತದೆ. ಅವತ್ತು ನೋಡಿದೆ.

ದಾರೂಕ ಸಮಾಧಾನ ಮಾಡಲು ಮುಂದೆ ಬಂದ. "ಇದೇನು ಮಹಾ, ಕೈವಾನರೇ. ತಪ್ಪಾಯ್ತು ಅಂತ ಒಂದು ಮಾತು ಹೇಳ್ಬಿಡಿ. ಮುಗೀತು."

"ನೂರು ಸಲ ಹೇಳ್ತೀನಿ. ಮಗಳಿಗಿಂತ ಹೆಚ್ಚಾ ನಂಗೆ ಮರ್ಯಾದೆ" ಎಂದ ಕೈವಾನ್. ಕೈಮುಗಿದು ನಿಂತು, "ತಪ್ಪಾಯ್ತು" ಎಂದ. ಪರಸ್ತು ಬಾಯಿ ತೆರೆದಳು, ಮುಚ್ಚಿದಳು, ತಲೆ ಅಲ್ಲಾಡಿಸಿದಳು.

"ಯಾವ ತಪ್ಪು ಅಂತ ಬಿಡಿಸಿ ಹೇಳ್ಬೇಕೇನೋ" ಎಂದ ದಾರೂಕ.

"ಸೀಸೆ ಸರಿಯಾಗಿ ಊದಿರಲಿಲ್ಲ. ಗಾಜು ಹದ ತಪ್ಪಿತ್ತು. ಅದರಿಂದ ನಮ್ಮಪ್ಪ ಹೋದ್ರು. ತಪ್ಪು ನಂದು." ಅವನು ಅದನ್ನು ನಿಜವೆಂದೇ ನಂಬಿದ್ದ. ಆದರೂ ಪರಸ್ತುವಿನ ನಾಲಿಗೆ ಕದಲಲಿಲ್ಲ. ಎದೆಯ ಮೂಲೆಯಲ್ಲಿ ನನಗೆ ಆಗಲೇ ಚುರ್ರೆಂದಿತು. ಹಲ್ವದ ತಟ್ಟೆ ಎತ್ತಿಕೊಂಡು ಒಳಗೆ ಹೋದೆ.

ಇಲ್ಲಿ ಒಂದು ಮಾತು. ಆಣೆಯಾದ ಹನ್ನೆರಡನೇ ಬೆಳಗ್ಗೆ ಹೊಸ ರಸವಾದಿ ತನಗೆ ಗೊತ್ತುಮಾಡಿದ ಪಟ್ಟಣಕ್ಕೆ ಹೊರಡಬೇಕು. ಐದು ವರ್ಷ ತಿರುಗಿ ಬರುವಂತಿಲ್ಲ. ಪರಸ್ತುವಿಗೆ ಬಿದ್ದದ್ದು ಗರ್ಮಾಬ್, ಉಪ್ಪಿನ ಮರುಭೂಮಿಯ ಆಚೆ, ಒಂಟೆಯ ಮೇಲೆ ನಲವತ್ತು ದಿನದ ದಾರಿ. ಗಾಜು ಊದಿ ಊದಿ ಕೈವಾನನ ಎದೆ ಆಗಲೇ ಸೀಟಿ ಹೊಡೆಯುತ್ತಿತ್ತು. ಐದು ವರ್ಷ ಅವನಿಗೆ ಇದೆಯೋ ಇಲ್ಲವೋ ಎಂದು ಕೇಳಿದರೆ ನಮ್ಮ ಬೀದಿಯಲ್ಲಿ ಯಾರೂ ನೂರಕ್ಕೆ ನೂರು ಎನ್ನುತ್ತಿರಲಿಲ್ಲ. ಅಂದರೆ ಈ ಹನ್ನೆರಡು ದಿನದಲ್ಲಿ ಗಂಟು ಬಿಚ್ಚದಿದ್ದರೆ ಅವನು ಮಗಳ ದನಿಯನ್ನು ಇನ್ನು ಕೇಳುವುದೇ ಇಲ್ಲ.

ಮನೆಯಲ್ಲಿ ಅಪ್ಪ ಮಗಳ ಪಾಡು ಹೇಗಿತ್ತೆಂದು ಪರಸ್ತುವೇ ನನಗೆ ಬಂದು ಹೇಳುತ್ತಿದ್ದಳು. ನನ್ನ ಹತ್ತಿರ ಅವಳ ನಾಲಿಗೆ ಚೆನ್ನಾಗಿಯೇ ಓಡುತ್ತಿತ್ತು, ಅದರಲ್ಲೂ ಬೈಯುವಾಗ. ಹಲಗೆಯ ಮೇಲೆ ಬರೆದು ತೋರಿಸಲು ಹೋದಳಂತೆ, ಬೆರಳು ಸೆಟೆದವು. ಬೆಕ್ಕಿಗೆ ಹೇಳುವ ಹಾಗೆ ಅಪ್ಪನಿಗೆ ಹೇಳಲು ಹೋದಳಂತೆ. ಕುಲುಮೆ ಅಷ್ಟು ದಡ್ಡದಲ್ಲ. ಉಳಿದದ್ದು ಸನ್ನೆ. ಸಾರಿಗೆ ಉಪ್ಪು ಕಮ್ಮಿಯೆಂದು ಬೆರಳು ತಿಕ್ಕಿ ತೋರಿಸಿದರೆ, ಕೈ ಸುಟ್ಟುಕೊಂಡಿದ್ದಾಳೆಂದು ಮುಲಾಮು ಹಚ್ಚಿದನಂತೆ. ಪ್ರಯಾಣಕ್ಕೆ ಬೆಚ್ಚಗಿನ ಹೊದಿಕೆ ಬೇಕೆಂದು ತನ್ನನ್ನು ತಾನೇ ತಬ್ಬಿಕೊಂಡು ತೋರಿಸಿದರೆ, ಮಗಳಿಗೆ ದುಃಖ ತಡೆಯಲಾಗುತ್ತಿಲ್ಲ ಎಂದುಕೊಂಡು ತಾನೇ ಅಳಲು ಕೂತನಂತೆ.

"ನಾಲ್ಕು ಸಲ ತಬ್ಕೊಂಡು ತೋರಿಸ್ದೆ ಅತ್ತೆ. ನಾಲ್ಕು ಸಲನೂ ಅತ್ರು. ಹೊದಿಕೆ ಇನ್ನೂ ಬಂದಿಲ್ಲ" ಎಂದಳು ಪರಸ್ತು. ನಗು ಬಂತು ಅವಳಿಗೆ. ಆಮೇಲೆ ಮೂಗು ಒರೆಸಿಕೊಂಡಳು.

ಕೈವಾನ್ ಸುಮ್ಮನೆ ಕೂರುವ ಆಸಾಮಿಯಲ್ಲ. ತಾನು ಮಾಡಿದ ಯಾವುದೋ ಬೇರೆ ತಪ್ಪು ಕುಲುಮೆಯ ಮನಸ್ಸಿನಲ್ಲಿರಬೇಕು, ಅದು ಯಾವುದೆಂದು ಹುಡುಕಿದರಾಯಿತು ಎಂದುಕೊಂಡ. ದಿನಾ ಬೆಳಗ್ಗೆ ಮಗಳನ್ನು ಕರೆದುಕೊಂಡು ಕುಲುಮೆಯ ಮುಂದೆ ಬಂದು ನಿಲ್ಲತೊಡಗಿದ. ಮೊದಲ ದಿನ ಕೂಟದವರಷ್ಟೇ ಇದ್ದರು. ಮೂರನೇ ದಿನಕ್ಕೆ ಬೀದಿಯ ಹೆಂಗಸರು ಮಕ್ಕಳನ್ನು ಎತ್ತಿಕೊಂಡು, ಹುರಿಗಡಲೆ ಕಟ್ಟಿಕೊಂಡು ಬಂದು ಜಾಗ ಹಿಡಿದರು. ಅಷ್ಟು ಜನ ಬಂದು ಹೋಗುವಾಗ ಬಾಗಿಲು ಹಾಕಿ ಹಾಕಿ ದಾರೂಕನ ತೋಳು ಊದಿಕೊಂಡಿತು.

"ಅಕ್ಕನ ಗಿಣಿಗೆ ಬೈಗುಳ ಕಲಿಸಿದ್ದು ನಾನು" ಎಂದ ಕೈವಾನ್.

ಪರಸ್ತು ತಲೆ ಅಲ್ಲಾಡಿಸಿದಳು. ನಾನು ಮಾತ್ರ ಬೆಚ್ಚಿದೆ. ಆ ಗಿಣಿಯ ದೆಸೆಯಿಂದ ನಮ್ಮಜ್ಜಿಯನ್ನು ಎರಡು ವರ್ಷ ಅನುಮಾನಿಸಿದ್ದೆ.

"ಅಕ್ಕ ಮೊದಲನೇ ಸಲ ಚಿನ್ನದ ಬಣ್ಣ ಕಟ್ಟಿದ ಸೌಟು ಕಳೆದುಹೋಯ್ತಲ್ಲ, ಅದನ್ನ ಕೊಟ್ಟು ಕಲ್ಲಂಗಡಿ ತಿಂದಿದ್ದು ನಾನು."

ತಲೆ ಅಲ್ಲಾಡಿತು.

"ಇನ್ನೊಂದಿದೆ" ಎಂದು ಗಂಟಲು ಸರಿಮಾಡಿಕೊಂಡ. "ಅಕ್ಕನ್ನ ನೋಡೋಕೆ ಒಬ್ಬ ಗಂಡು ಬಂದಿದ್ನಲ್ಲ, ಕಂಬಳಿ ವ್ಯಾಪಾರದವನು. ಅವನ ಶರಬತ್ತಿಗೆ ಅಕ್ಕನದೇ ಭೇದಿ ಮದ್ದು ಹಾಕಿದ್ದು ನಾನು."

ಹೆಂಗಸರು ಹುರಿಗಡಲೆ ನುಂಗುವುದನ್ನು ಮರೆತು ನನ್ನನ್ನು ನೋಡಿದರು. ನಲವತ್ತೊಂದು ವರ್ಷ, ಆ ಗಂಡು ಎದ್ದು ಓಡಿದ್ದು ನನ್ನ ಮೂಗು ನೋಡಿ ಎಂದುಕೊಂಡಿದ್ದೆ ನಾನು. "ಯಾಕೋ ಹಾಗೆ ಮಾಡ್ದೆ?" ಎಂದು ಬಾಯಿಗೆ ಬಂದಿತ್ತು. ಮಾತು ಬಿಟ್ಟವಳು ಎಂಬುದು ನೆನಪಾಗಿ ನುಂಗಿಕೊಂಡೆ.

ಅದನ್ನು ನನ್ನ ಮುಖದಲ್ಲೇ ಓದಿದನೋ ಏನೋ. "ಅವನು ಕತ್ತೆಗೆ ಹೊಡೆಯೋದನ್ನ ನೋಡಿದ್ದೆ" ಎಂದ ನೆಲ ನೋಡುತ್ತ. "ನಂಗವನು ಹಿಡಿಸ್ಲಿಲ್ಲ. ಆದ್ರೂ ತಪ್ಪಾಯ್ತು."

ಪರಸ್ತುವಿನ ನಾಲಿಗೆ ಅದಕ್ಕೂ ಬಿಡಲಿಲ್ಲ. ಏಳು ದಿನದಲ್ಲಿ ನನ್ನ ತಮ್ಮ ಹುಟ್ಟಿದಂದಿನಿಂದ ಮಾಡಿದ ನೂರಹನ್ನೆರಡು ತಪ್ಪು ಒಪ್ಪಿಕೊಂಡ. ಒಂದಕ್ಕೂ ಕುಲುಮೆ ಸೊಪ್ಪು ಹಾಕಲಿಲ್ಲ.

ಎಂಟನೇ ದಿನ ಮಧ್ಯಾಹ್ನ ದಾರೂಕ ಹಳೆಯ ಕಡತವೊಂದನ್ನು ಬಗಲಲ್ಲಿಟ್ಟುಕೊಂಡು ನನ್ನ ಕೋಣೆಗೆ ಬಂದ. ಬಾಗಿಲು ಹಾಕಿದ. ಕಿಟಕಿಯನ್ನೂ ಒಮ್ಮೆ ನೋಡಿದ, ಅದು ಅವನ ಲೆಕ್ಕಕ್ಕೆ ಬರುವುದಿಲ್ಲ.

"ಝರ್ಬಾನಮ್ಮೋರೇ, ಬೇಜಾರು ಮಾಡ್ಕೋಬೇಡಿ. ಒಂದು ಮಾತು. ಅವರು ತಪ್ಪಾಯ್ತು ಅಂತ ಇಷ್ಟು ಸಲ ಅಂದ್ರೂ ಕುಲುಮೆ ಒಪ್ತಿಲ್ಲ ಅಂದ್ರೆ, ಆ ವಿಷಯದಲ್ಲಿ ಅವರದು ತಪ್ಪೇ ಇಲ್ಲ ಅಂತಾಗುತ್ತೆ. ಇಲ್ಲದ ತಪ್ಪನ್ನ ಒಪ್ಕೊಂಡ್ರೆ ಏನು ಬಂತು?"

"ನನ್ನ ಕೇಳ್ತೀಯಾ? ಕುಲುಮೆನ ಕೇಳು" ಎಂದೆ.

"ಇಲ್ಲಿ ಬರೆದಿದೆ" ಎಂದು ಕಡತ ಬಿಚ್ಚಿದ. "ಆಣೆಯೊಳಗೆ ಸುಳ್ಳು ಸೇರಿದ್ರೆ, ಅದನ್ನ ಹೇಳಿಸಿದವರು ಅದೇ ಕುಲುಮೆ ಮುಂದೆ, ಎಲ್ಲರೆದುರಿಗೆ, ಇದು ಸುಳ್ಳು ಅಂತ ಒಪ್ಕೊಂಡ್ರೆ ಅಷ್ಟು ಭಾಗ ಕಳಚಿ ಬೀಳುತ್ತೆ. ನಂದು ಕಳಚೋ ಹಾಗಿಲ್ಲ, ಬಾಗಿಲು ಹಾಕಬೇಕು ಅನ್ನೋದ್ರಲ್ಲಿ ಸುಳ್ಳೇನಿದೆ. ಪರಸ್ತುದು ಹಾಗಲ್ಲ. ತಪ್ಪು ಇವನದು ಅಂತ ನೀವು ಹೇಳಿಸಿದ್ದೀರಿ."

"ಹೇಳಿಸಿದವರಿಗೆ ಏನಾಗುತ್ತೆ ಅಂತಲೂ ಬರೆದಿದೆಯಾ?"

ದಾರೂಕ ಕಡತ ಮುಚ್ಚಿದ. "ಪೀಠ ಬಿಡಬೇಕು" ಎಂದ ಮೆಲ್ಲಗೆ. ಅವನು ಒಳ್ಳೆಯ ಮನುಷ್ಯ. ಕೇಳಬಾರದ್ದನ್ನು ಕೇಳದೆ ಎದ್ದು ಹೋದ.

ಪೀಠದ ಮೇಲೆ ನನಗೆ ಆಸೆ ಇರಲಿಲ್ಲ ಎಂದರೆ ನಂಬಬೇಡಿ. ಬೇಕಾದಷ್ಟಿತ್ತು. ತಲೆನೋವೆಂದು ಹೇಳಿ ಎರಡು ದಿನ ಹಾಸಿಗೆ ಬಿಟ್ಟೇಳಲಿಲ್ಲ. ಈ ಹುಡುಗಿ ಐದು ವರ್ಷ ಕಳೆದು ಬರುವ ಹೊತ್ತಿಗೆ ಎಲ್ಲ ತಾನೇ ಸರಿಹೋಗುತ್ತದೆ ಎಂದೂ ಒಮ್ಮೆ ನನಗೆ ನಾನೇ ಹೇಳಿಕೊಂಡೆ. ಎಂಥ ಹೇಸಿಗೆ ಬುದ್ಧಿ ನೋಡಿ.

ಹನ್ನೊಂದನೇ ದಿನ ಪರಸ್ತು ಬಂದಳು. ಅವಳ ಅರೆಯುವ ಕಲ್ಲು, ತಕ್ಕಡಿ, ಮೂಸೆಗಳೆಲ್ಲ ನನ್ನಲ್ಲೇ ಇದ್ದವು. ಒಂದೊಂದನ್ನೇ ಹುಲ್ಲಿನಲ್ಲಿ ಸುತ್ತಿ ಪೆಟ್ಟಿಗೆಗೆ ತುಂಬಿದಳು. ನಾನು ಗೋಡೆಯ ಕಡೆ ಮುಖ ಮಾಡಿ ಮಲಗಿದ್ದೆ.

"ಅಪ್ಪ ಆವತ್ತಿನಿಂದ ಮದ್ದಿನ ಸೀಸೆ ಊದಿಲ್ಲ, ನಿಮಗೆ ಗೊತ್ತಾ?" ಎಂದಳು.

"ಗೊತ್ತು. ಉಪ್ಪಿನಕಾಯಿ ಜಾಡಿ ಊದ್ತಾನೆ."

"ಊದಿದ ಒಂದೊಂದು ಜಾಡಿನೂ ಮೂರು ಸಲ ಬೆರಳಲ್ಲಿ ತಟ್ಟಿ ಕೇಳ್ತಾರೆ. ಆಮೇಲೆ ಬಿಸಿಲಿಗೆ ಹಿಡಿದು ನೋಡ್ತಾರೆ. ಗಿರಾಕಿ ತಗೊಂಡು ಹೋಗುವಾಗ ಬೀದಿ ತಿರುವಿನವರೆಗೂ ಹಿಂದೆ ಹೋಗ್ತಾರೆ, ದಾರಿಯಲ್ಲಿ ಒಡೀತೇನೋ ಅಂತ. ಉಪ್ಪಿನಕಾಯಿ ಜಾಡಿ, ಅತ್ತೆ. ಒಡೆದ್ರೆ ಏನಾಗುತ್ತೆ, ಉಪ್ಪಿನಕಾಯಿ ಚೆಲ್ಲುತ್ತೆ."

ಅವಳು ಹುಲ್ಲು ಸುತ್ತುವುದನ್ನು ನಿಲ್ಲಿಸಿ ಬಂದು ಹಾಸಿಗೆಯ ಅಂಚಿನಲ್ಲಿ ಕೂತಳು. ಅವಳೀಗ ಆಣೆಯಾದ ರಸವಾದಿ. ರಸವಾದಿಗಳು ರಸವಾದಿಗಳನ್ನು ಕೇಳುವ ದನಿಯಲ್ಲಿ ಕೇಳಿದಳು: "ಅತ್ತೆ, ತಾತನಿಗೆ ಅಂತ ಕಾಯಿಸಿದ ಆ ಸೀಸೆಯೊಳಗೆ ಏನಿತ್ತು?"

ಇಪ್ಪತ್ತೆರಡು ವರ್ಷ ಊರಿನಲ್ಲಿ ಒಬ್ಬರೂ ನನ್ನನ್ನು ಇದನ್ನು ಕೇಳಿರಲಿಲ್ಲ. ಎಲ್ಲರೂ ಸೀಸೆಯ ವಿಷಯ ಕೇಳಿದರು, ಸೀಸೆ ಊದಿದವನ ವಿಷಯ ಕೇಳಿದರು. ಜಾರಿಕೊಳ್ಳಲು ನೋಡಿದೆ. "ನಂಗೆ ತಲೆ..." ಎನ್ನುವಷ್ಟರಲ್ಲಿ ಬಾಯಿತುಂಬ ತಾಮ್ರ. ಆಣೆಯ ನಾಲ್ಕನೇ ಮಾತು. ಕೇಳಿದವರಿಗೆ ಇದ್ದದ್ದನ್ನು ಇದ್ದಂತೆ ಹೇಳಬೇಕು.

"ಪನ್ನೀರು" ಎಂದೆ. "ಕೇಸರಿ. ಜೇನು. ನಿದ್ದೆ ಬರೋಕೆ ಒಂಚೂರು ಗಸಗಸೆ ಹಾಲು."

"ಮತ್ತೆ?"

"ಅಷ್ಟೇ."

ಪರಸ್ತು ಕೈಗಂಟಿದ ಹುಲ್ಲನ್ನು ಕೊಡವಿದಳು. "ಅದನ್ನ ಕುಡಿದಿದ್ರೆ ತಾತ ಉಳೀತಿದ್ರಾ?"

"ಇಲ್ಲ. ನಂಗೆ ಏನೂ ತೋಚಲಿಲ್ಲ ಕಣೇ. ಮೂರು ದಿನ ಕೂತೆ, ಇದ್ದ ಗ್ರಂಥ ಎಲ್ಲ ತಿರುವಿದೆ. ಆ ಕಾಯಿಲೆಗೆ ನನ್ನ ಹತ್ರ ಮದ್ದಿರಲಿಲ್ಲ. ಬರಿಗೈಲಿ ಹೇಗೆ ಹೋಗ್ಲಿ ಅಂತ ಸಿಹಿಯಾಗಿ ಏನೋ ಕಾಯಿಸಿದೆ."

ಮಿಕ್ಕದ್ದನ್ನು ಆಣೆ ಕೇಳಲಿಲ್ಲ, ನಾನೇ ಹೇಳಿದೆ. ಅಪ್ಪ ಏದುಸಿರು ಬಿಡುತ್ತಿದ್ದರು. ಮದ್ದನ್ನು ತಣ್ಣಗೆ ಆರಿಸಿ ಆಮೇಲೆ ಗಾಜಿಗೆ ಸುರಿಯಬೇಕು ಎಂದು ನಮ್ಮಲ್ಲಿ ಮೊದಲ ತಿಂಗಳಿನ ಶಿಷ್ಯರಿಗೂ ಗೊತ್ತು. ನಾನು ಆರಿಸಲಿಲ್ಲ. ಸುರಿದೆ, ಸೀ‌ಸೆ ಒಡೆಯಿತು. ಒಡೆದಾಗ ಮೊದಲು ನನಗಾದದ್ದು ಏನು ಗೊತ್ತೇ? ನೆಮ್ಮದಿ. ಕುಡಿಸಿದ್ದರೆ ನಾಳೆ ಝರ್ಬಾನುವಿನ ಮದ್ದು ಕೆಲಸ ಮಾಡಲಿಲ್ಲ ಎನ್ನುತ್ತಿದ್ದರು. ಈಗ ಊರೆಲ್ಲ ಹೇಳಿತು, ಅಯ್ಯೋ, ಆ ಮದ್ದೊಂದು ಬಾಯಿಗೆ ಬಿದ್ದಿದ್ದರೆ ಮುದುಕರು ಎದ್ದು ಓಡಾಡುತ್ತಿದ್ದರು. ಯಾರೂ ಕುಡಿಯದ ಆ ಮದ್ದು ತಂದುಕೊಟ್ಟಷ್ಟು ಹೆಸರನ್ನು ಆಮೇಲೆ ನಾನು ಕಾಯಿಸಿದ ಯಾವ ಮದ್ದೂ ತರಲಿಲ್ಲ. ಪೀಠ ಸಿಕ್ಕಿದ್ದೂ ಅದೇ ಹೆಸರಿನ ಮೇಲೆ.

ಪರಸ್ತು ಎದ್ದು ಪೆಟ್ಟಿಗೆಯ ಮುಚ್ಚಳ ಹಾಕಿದಳು. ಕೂಗಾಡಿದ್ದರೆ ನಾನೂ ಕೂಗಾಡಬಹುದಿತ್ತು.

"ಇದನ್ನ ನಾನು ಯಾರಿಗೂ ಹೇಳಲ್ಲ" ಎಂದಳು. "ಅಪ್ಪನಿಗೆ ಹೇಳೋಣ ಅಂದ್ರೂ ನನ್ನ ಕೈಲಾಗಲ್ಲ. ನೀವೇ ಅಲ್ವಾ ಆ ಏರ್ಪಾಡು ಮಾಡಿರೋದು." ಪೆಟ್ಟಿಗೆ ಎತ್ತಿಕೊಂಡು ಹೊರಟಳು. ಹೊಸಿಲಲ್ಲಿ ನಿಂತು, "ನಾಳೆ ಒಂಟೆ ಹೊರಡೋದು ಬಿಸಿಲೇರೋಕೆ ಮೊದಲು" ಎಂದಳು.

ಮಾರನೇ ಬೆಳಗ್ಗೆ ನಾನು ಹೋಗುವ ಹೊತ್ತಿಗೆ ಒಂಟೆಗಳ ಮೇಲೆ ಹೇರು ಬಿಗಿಯುತ್ತಿದ್ದರು. ಕೂಟದ ಅಂಗಳದಲ್ಲಿ ಇಡೀ ಬೀದಿ ನೆರೆದಿತ್ತು. ಕೈವಾನ್ ಕುಲುಮೆಯ ಹತ್ತಿರ ಮಗಳ ಕೈ ಹಿಡಿದು ನಿಂತಿದ್ದ. ನೂರಹದಿಮೂರನೆಯ ತಪ್ಪು ಏನೆಂದು ಯೋಚಿಸುತ್ತಿದ್ದ ಹಾಗಿತ್ತು; ತುಟಿ ಅಲ್ಲಾಡುತ್ತಿತ್ತು.

ನಾನು ಸೀದಾ ಹೋಗಿ ಕಟ್ಟೆಯ ಮೇಲೆ ಕೈಯಿಟ್ಟೆ. ಕಲ್ಲು ಬಿಸಿಯಾಗಿತ್ತು. ಮೂವತ್ತೊಂಬತ್ತು ವರ್ಷದ ಹಿಂದೆ ನನ್ನ ಆಣೆಯ ದಿನ ಕೈಯಿಟ್ಟದ್ದೂ ಇದೇ ಜಾಗದಲ್ಲಿ.

"ಎಲ್ಲರೂ ಕೇಳಿ. ಎರಡನೇ ಸಲ ಹೇಳೋ ಶಕ್ತಿ ನಂಗಿಲ್ಲ" ಎಂದೆ. "ತಪ್ಪು ಇವನದು ಅಂತ ನಾನು ಈ ಹುಡುಗಿ ಬಾಯಲ್ಲಿ ಹೇಳಿಸಿದ್ದು ಸುಳ್ಳು. ಕೈವಾನ್ ಊದಿದ ಸೀಸೆ ಚೆನ್ನಾಗಿತ್ತು. ಮದ್ದನ್ನ ಆರಿಸದೆ, ಬಿಸಿ ಇರೋ ಹಾಗೇ ಸುರಿದು ಅದನ್ನ ಒಡೆದೋಳು ನಾನು. ಇನ್ನೂ ಒಂದಿದೆ. ಅದು ಆ ಕಾಯಿಲೆಗೆ ಮದ್ದೇ ಅಲ್ಲ. ಪನ್ನೀರು, ಜೇನು. ಸೀಸೆ ಒಡೀದಿದ್ರೂ ಅಪ್ಪ ಉಳೀತಿರಲಿಲ್ಲ. ಇದು ನಂಗೆ ಆವತ್ತೇ ಗೊತ್ತಿತ್ತು. ಅಷ್ಟೇ. ಪೀಠ ಬಿಟ್ಟಿದ್ದೀನಿ, ಕೂಟದ ಕೀಲಿ ದಾರೂಕನಿಗೆ ಕೊಟ್ಟಿದ್ದೀನಿ, ಯಾರಿಗೆ ಬೇಕೋ ಕೊಟ್ಕೊಳ್ಳಿ."

ಕುಲುಮೆ ಹಸಿರಾಗಲಿಲ್ಲ, ಕೆಂಪಾಗಲಿಲ್ಲ. ತನ್ನ ಪಾಡಿಗೆ ಉರಿಯುತ್ತಿತ್ತು. ಕಳಚಿತೋ ಇಲ್ಲವೋ ತಿಳಿಯುವ ಬಗೆಯಿರಲಿಲ್ಲ. ಎಲ್ಲರೂ ಪರಸ್ತುವಿನ ಬಾಯಿಯನ್ನೇ ನೋಡಿದರು. ಅವಳು ಅಪ್ಪನ ಮುಖ ನೋಡುತ್ತಿದ್ದಳು, ಬಾಯಿ ತೆರೆಯಲಿಲ್ಲ. ತೆರೆದು ನೋಡಲು ಹೆದರಿಕೆ ಅವಳಿಗೆ.

ಕೈವಾನ್ ಮಗಳ ಕೈ ಬಿಟ್ಟು ನನ್ನ ಹತ್ತಿರ ಬಂದ. ಹೊಡೆಯುತ್ತಾನೆ ಎಂದುಕೊಂಡೆ. ಹೊಡೆದಿದ್ದರೆ ಹೊಡೆಸಿಕೊಳ್ಳುತ್ತಿದ್ದೆ. ಅವನು ತಗ್ಗಿದ ದನಿಯಲ್ಲಿ, ಗಾಜಿನ ಕೆಲಸದವನು ಕೇಳುವ ಹಾಗೆ ಕೇಳಿದ: "ಎಷ್ಟು ಬಿಸಿ ಇತ್ತು?"

"ತುಂಬಾ ಇತ್ತು."

"ತುಂಬಾ ಅಂದ್ರೆ ಎಷ್ಟಕ್ಕ? ಸರಿಯಾಗಿ ಹೇಳು. ಆವಿ ಬರ್ತಿತ್ತಾ, ಕುದೀತಿತ್ತಾ?"

"ಕುದೀತಿತ್ತು ಕಣೋ. ಗುಳ್ಳೆ ಏಳ್ತಿತ್ತು. ಒಲೆಯಿಂದ ಇಳಿಸಿದ ಹಾಗೇ ಸುರಿದೆ."

"ಸೀಸೆ ತಣ್ಣಗಿತ್ತಾ?"

"ಕಿಟಕೀಲಿಟ್ಟಿದ್ದೆ. ಹಿಮ ಬೀಳ್ತಿತ್ತು ಆವತ್ತು."

ಅವನು ತಲೆದೂಗಿದ. ಅಲ್ಲೇ ನೆಲದ ಮೇಲೆ, ಅಷ್ಟು ಜನರ ನಡುವೆ, ಕಸೂತಿಯ ಅಂಗಿಯಲ್ಲೇ ಕೂತುಬಿಟ್ಟ. ಎರಡೂ ಅಂಗೈ ಬಿಡಿಸಿ ನೋಡಿಕೊಂಡ. ಬಿಸಿಗೆ ಸುಟ್ಟು ಸುಟ್ಟು ಗೆರೆಯೇ ಅಳಿಸಿಹೋದ ಕೈಗಳು ಅವು.

"ಹಾಗಾದ್ರೆ ಯಾವ ಗಾಜೂ ನಿಲ್ತಿರಲಿಲ್ಲ" ಎಂದ. ನನಗಲ್ಲ, ಯಾರಿಗೋ ಹೇಳಿದ ಹಾಗಿತ್ತು. ಆಮೇಲೆ ತಲೆಯೆತ್ತಿ ಮಗಳನ್ನು ನೋಡಿದ. "ಕೇಳಿಸ್ತಾ ಪರಸ್ತು? ಯಾರು ಊದಿದ್ರೂ ನಿಲ್ತಿರಲಿಲ್ಲ."

"ಕೇಳಿಸ್ತಪ್ಪ" ಎಂದಳು ಪರಸ್ತು.